ಫೈಲಿನಲ್ಲಿ ಬರೆದ ‘5–95’: ಕೋನ ಅಳೆಯೋದು ಹೇಗೆ, ಯಾಕೆ

ಅವ್ವನಿಗೆ ಹೋದ ವರ್ಷ ಮಂಡಿ ಆಪರೇಷನ್ ಆಯಿತು. ಇಲ್ಲೇ ದಾವಣಗೆರೆಯಲ್ಲಿ. ಕೆಲವು ದಿನ ಬಿಟ್ಟು ಫಿಸಿಯೋಥೆರಪಿಗೆ ಕರೆದುಕೊಂಡು ಹೋದಾಗ ಅಲ್ಲಿನ ಮೇಡಂ ಡ್ರಾದಿಂದ ಒಂದು ಪ್ಲಾಸ್ಟಿಕ್ ಸಾಮಾನು ತೆಗೆದರು. ಸ್ಕೂಲ್ ಮಕ್ಕಳ ಕಂಪಾಸ್ ಬಾಕ್ಸಿನ ಕೋನಮಾಪಕಕ್ಕೆ ಎರಡು ಸ್ಕೇಲು ಜೋಡಿಸಿದ ಹಾಗಿತ್ತು. ಅದನ್ನು ಮಂಡಿಯ ಪಕ್ಕಕ್ಕೆ ಹಿಡಿದು, “ಅಮ್ಮಾ, ಆದಷ್ಟು ಮಡಚ್ರಿ. ಇನ್ನೊಂಚೂರು” ಅಂದರು. ಅವ್ವ ಹಲ್ಲು ಕಚ್ಚಿಕೊಂಡು ಮಡಚಿದಳು. ಕೊನೆಗೆ ಮೇಡಂ ತಾವೇ ಕೈಕೊಟ್ಟು ಇನ್ನಷ್ಟು ಮಡಚಿಸಿದರು. ಮೇಡಂ ಫೈಲಿನಲ್ಲಿ ‘5–95’ ಅಂತ ಬರೆದರು.

ಆಟೋ ಹತ್ತುವಾಗ ಅವ್ವ ಕೇಳಿದಳು: “ತೊಂಬತ್ತೈದು ಅಂದ್ರ ಪಾಸಾ ಫೇಲಾ?”

ನನಗೆ ಉತ್ತರ ಗೊತ್ತಿರಲಿಲ್ಲ. ಈಗ ನಮ್ಮ ಬೀದಿಯಲ್ಲೇ ಮಂಡಿ ಆಪರೇಷನ್ ಆದವರು ಮೂರು ಜನ ಇದ್ದಾರೆ. ಅವರ ಮನೆಯವರೂ ಇದನ್ನೇ ಕೇಳುತ್ತಾರೆ. ಆ ನಂಬರ್ ಎಲ್ಲಿಂದ ಬಂತು, ಅದನ್ನು ಎಷ್ಟು ನಂಬಬಹುದು, ಅದೇ ಥರದ ಸಾಧನ ಇನ್ನೆಲ್ಲೆಲ್ಲಿ ಕೆಲಸ ಮಾಡುತ್ತದೆ ಅನ್ನೋದನ್ನು ಮೊದಲಿನಿಂದ ನೋಡೋಣ.

ಕೋನ ಅಂದರೆ ಎಷ್ಟು ತಿರುಗಿತು ಅನ್ನೋ ಲೆಕ್ಕ

ಮನೆ ಬಾಗಿಲನ್ನು ನೆನೆಸಿಕೊಳ್ಳಿ. ಅರ್ಧ ತೆರೆದರೆ ಚಿಲಕದ ಕಡೆಯ ಅಂಚು ಒಂದೆರಡು ಅಡಿ ಸರಿದಿರುತ್ತದೆ. ಕೀಲಿನ ಪಕ್ಕದ ಜಾಗ ಎರಡು ಬೆರಳಿನಷ್ಟೂ ಸರಿದಿರೋದಿಲ್ಲ. ಆದರೆ ಇಡೀ ಬಾಗಿಲು ತಿರುಗಿದ್ದು ಒಂದೇ ಪ್ರಮಾಣದಲ್ಲಿ. ಆ ತಿರುವಿನ ಪ್ರಮಾಣವೇ ಕೋನ. ಬಾಗಿಲು ಎಷ್ಟು ಅಗಲ ಅನ್ನೋದು ಅದರ ಲೆಕ್ಕಕ್ಕೆ ಬರೋದಿಲ್ಲ. ಅದಕ್ಕೇ ಗಿಡ್ಡ ಕಾಲಿನ ಅವ್ವನ ಮಂಡಿಯನ್ನೂ ಉದ್ದ ಕಾಲಿನ ನನ್ನ ಮಂಡಿಯನ್ನೂ ಒಂದೇ ಅಳತೆಯಲ್ಲಿ ಹೋಲಿಸಬಹುದು.

ಒಂದು ಪೂರ್ತಿ ಸುತ್ತಿಗೆ 360 ಡಿಗ್ರಿ. ಈ ಲೆಕ್ಕದ ಬೇರು ಹಳೇ ಬ್ಯಾಬಿಲೋನಿನಲ್ಲಿದೆ. ಅಲ್ಲಿನವರು ನಮ್ಮ ಹಾಗೆ ಹತ್ತರಲ್ಲಿ ಎಣಿಸದೆ ಅರವತ್ತರಲ್ಲಿ ಎಣಿಸುತ್ತಿದ್ದರು. ಗಂಟೆಗೆ 60 ನಿಮಿಷ ಬಂದದ್ದೂ ಅಲ್ಲಿಂದಲೇ. 360ನ್ನು 2, 3, 4, 5, 6, 8, 9, 10, 12 ಯಾವುದರಿಂದ ಭಾಗಿಸಿದರೂ ಏನೂ ಉಳಿಯೋದಿಲ್ಲ. ದಿನದ ಬಳಕೆಗೆ ಇದು ತುಂಬಾ ಅನುಕೂಲ. ಒಂದು ಡಿಗ್ರಿಯನ್ನು 60 ಭಾಗ ಮಾಡಿದರೆ ಒಂದು ಮಿನಿಟು. ಅದನ್ನು ಮತ್ತೆ 60 ಭಾಗ ಮಾಡಿದರೆ ಒಂದು ಸೆಕೆಂಡು. ಹೆಸರು ಗಡಿಯಾರದ್ದೇ ಆದರೂ ಇಲ್ಲಿ ಅಳೆಯುತ್ತಿರೋದು ತಿರುವನ್ನು.

ಒಂದು ಡಿಗ್ರಿ ಅಂದರೆ ಎಷ್ಟು ಚಿಕ್ಕದು? ದಾವಣಗೆರೆಯಿಂದ ಚಿತ್ರದುರ್ಗಕ್ಕೆ ನೇರ ಗೆರೆ ಎಳೆದರೆ ಸುಮಾರು 57 ಕಿಲೋಮೀಟರ್. ಹೊರಡುವಾಗ ದಿಕ್ಕು ಒಂದೇ ಒಂದು ಡಿಗ್ರಿ ತಪ್ಪಿದರೆ ದುರ್ಗದ ಹತ್ತಿರ ಹೋಗುವಷ್ಟರಲ್ಲಿ ಸುಮಾರು ಒಂದು ಕಿಲೋಮೀಟರ್ ಪಕ್ಕಕ್ಕೆ ಹೋಗಿರುತ್ತೇವೆ. ಒಂದು ಮಿನಿಟು ತಪ್ಪಿದರೆ ಸುಮಾರು 17 ಮೀಟರ್. ಒಂದು ಸೆಕೆಂಡು ತಪ್ಪಿದರೆ ಒಂದು ಅಡಿಯೂ ಇಲ್ಲ.

ನಡು, ನಿಂತ ತೋಳು, ಓಡಾಡುವ ತೋಳು

ಫಿಸಿಯೋ ಮೇಡಂ ಕೈಯಲ್ಲಿದ್ದ ಸಾಧನದ ಹೆಸರು ಗೋನಿಯೋಮೀಟರ್. ಗ್ರೀಕ್ ಭಾಷೆಯಲ್ಲಿ ಗೋನಿಯಾ ಅಂದರೆ ಮೂಲೆ, ಕೋನ. ಮೆಟ್ರಾನ್ ಅಂದರೆ ಅಳತೆ. ನಡುವೆ ಡಿಗ್ರಿ ಗುರುತುಗಳಿರುವ ಒಂದು ಬಿಲ್ಲೆ. ಅದಕ್ಕೆ ಕದಲದ ಒಂದು ತೋಳು, ತಿರುಗುವ ಇನ್ನೊಂದು ತೋಳು. ಇಷ್ಟೇ.

ಗಾರೆ ಕೆಲಸದವರ ಮೂಲೆಮಟ್ಟವೂ ಕೋನವನ್ನೇ ನೋಡುತ್ತದೆ. ಆದರೆ ಅದಕ್ಕೆ ಗೊತ್ತಿರೋದು ಒಂದೇ ಕೋನ, 90. ಗೋಡೆ ಮೂಲೆಗೆ ಸರಿಯಾಗಿದೆಯಾ ಇಲ್ವಾ ಅಂತ ಹೇಳುತ್ತದೆ, ಎಷ್ಟು ತಪ್ಪಿದೆ ಅಂತ ಹೇಳೋದಿಲ್ಲ. ಗೋನಿಯೋಮೀಟರಿಗೆ ಎಲ್ಲಾ ಕೋನವೂ ಗೊತ್ತು. ಅದಕ್ಕೆ ಬೇಕಾದದ್ದು ಮೂರೇ ಸಂಗತಿ: ನಡು ಎಲ್ಲಿ, ಮೊದಲ ತೋಳು ಯಾವ ಗೆರೆಯ ಮೇಲೆ, ಎರಡನೇ ತೋಳು ಯಾವ ಗೆರೆಯ ಮೇಲೆ. ಮುಂದೆ ಬರುವ ಅರ್ಧ ಟನ್ ತೂಕದ ಯಂತ್ರವೂ ಕೇಳುವುದು ಈ ಮೂರನ್ನೇ.

ಮಂಡಿಯ ಮೇಲೆ ಅದನ್ನು ಇಡೋದು ಹೇಗೆ

ಮುಂದಿನ ಸಲ ನಾನು ಹತ್ತಿರ ನಿಂತು ನೋಡಿದೆ. ಅವ್ವ ಅಂಗಾತ ಮಲಗಿದ್ದಳು. ಮೇಡಂ ಮೊದಲು ಬೆರಳಿನಿಂದ ಒತ್ತಿ ಮೂರು ಮೂಳೆ ಹುಡುಕಿದರು. ಮಂಡಿಯ ಹೊರಬದಿಯಲ್ಲಿ, ತೊಡೆಮೂಳೆಯ ತುದಿಯ ಉಬ್ಬು: ಅಲ್ಲಿ ಬಿಲ್ಲೆಯ ನಡು. ಸೊಂಟದ ಕೆಳಗೆ ಪಕ್ಕದಲ್ಲಿ ಕೈಗೆ ಗಟ್ಟಿಯಾಗಿ ಸಿಗುವ ಮೂಳೆ: ಆ ಕಡೆಗೆ ಕದಲದ ತೋಳು. ಪಾದದ ಹರಡಿನ ಹೊರಗಿನ ಗಂಟು: ಆ ಕಡೆಗೆ ತಿರುಗುವ ತೋಳು. ಆಮೇಲೆ ಅವ್ವ ಹಿಮ್ಮಡಿಯನ್ನು ಹಾಸಿಗೆ ಮೇಲೆ ಜಾರಿಸುತ್ತಾ ಹಿಂದಕ್ಕೆ ಎಳೆದುಕೊಂಡಳು. ತೋಳು ಕಾಲಿನ ಜೊತೆ ತಿರುಗಿತು. ಕಾಲು ನಿಂತ ಕಡೆ ನಂಬರ್ ಓದಿದರು.

ಮಾಂಸದ ಮೇಲೆ ಕಣ್ಣಂದಾಜಿನಲ್ಲಿ ಇಡದೆ ಮೂಳೆಯನ್ನೇ ಹುಡುಕೋದಕ್ಕೆ ಕಾರಣ ಇದೆ. ಆಪರೇಷನ್ ಆದ ಕಾಲು ಊದಿರುತ್ತದೆ. ಊತ ಇವತ್ತು ಒಂದು ಥರ, ನಾಳೆ ಒಂದು ಥರ. ಮೂಳೆಯ ಉಬ್ಬು ಮಾತ್ರ ಇದ್ದಲ್ಲೇ ಇರುತ್ತದೆ.

ಈಗ ಆ ಎರಡು ನಂಬರ್. ಕಾಲು ಪೂರ್ತಿ ನೆಟ್ಟಗಿದ್ದರೆ ಅದು ಸೊನ್ನೆ. ಅಲ್ಲಿಂದ ಮಡಚುತ್ತಾ ಹೋದ ಹಾಗೆ ನಂಬರ್ ಏರುತ್ತದೆ. ಅವ್ವನ ‘5–95’ರಲ್ಲಿ 95 ಅನ್ನೋದು ಅವಳ ಮಂಡಿ ಮಡಚಿದ ಗರಿಷ್ಠ. 5 ಅನ್ನೋದು ಕಾಲು ಚಾಚಿದಾಗ ಸಿಕ್ಕಿದ್ದು. ಅಂದರೆ ಕಾಲು ಪೂರ್ತಿ ನೆಟ್ಟಗಾಗಲು ಇನ್ನೂ 5 ಡಿಗ್ರಿ ಬಾಕಿ. ಮನೆಯವರೆಲ್ಲ ದೊಡ್ಡ ನಂಬರನ್ನೇ ನೋಡುತ್ತಾರೆ, ನಾನೂ ಹಾಗೇ ಮಾಡಿದ್ದೆ. ಆದರೆ ಈ ಚಿಕ್ಕ ನಂಬರೂ ಅಷ್ಟೇ ಮುಖ್ಯ. ಕಾಲು ನೆಟ್ಟಗಾಗದಿದ್ದರೆ ನಿಂತಷ್ಟು ಹೊತ್ತೂ ತೊಡೆಯ ಸ್ನಾಯು ಬಿಗಿ ಹಿಡಿದು ದುಡಿಯಬೇಕು. ಬೇಗ ದಣಿವಾಗುತ್ತದೆ, ನಡಿಗೆ ಕುಂಟುತ್ತದೆ.

ಯಾವ ಕೆಲಸಕ್ಕೆ ಎಷ್ಟು ಬೇಕು? ಸಮತಟ್ಟಾದ ನೆಲದಲ್ಲಿ ನಡೆಯೋಕೆ ಮಂಡಿ ಸುಮಾರು 60–65 ಡಿಗ್ರಿ ಮಡಚಿದರೆ ಸಾಕು. ಮೆಟ್ಟಿಲು ಹತ್ತಿಳಿಯೋಕೆ 90ರ ಆಸುಪಾಸು ಬೇಕು. ಕುರ್ಚಿಯಿಂದ ಸಲೀಸಾಗಿ ಏಳೋಕೆ 90ಕ್ಕಿಂತ ಸ್ವಲ್ಪ ಜಾಸ್ತಿ. ಕುಕ್ಕರಗಾಲಲ್ಲಿ ಕೂರೋಕೆ, ಚಕ್ಕಳಮಕ್ಕಳ ಹಾಕಿ ಊಟಕ್ಕೆ ಕೂರೋಕೆ 120 ದಾಟಬೇಕು. ಆರೋಗ್ಯವಾದ ಮಂಡಿ 135–140ರವರೆಗೆ ಮಡಚುತ್ತದೆ. ಅಂದರೆ ಅವ್ವನ 95 ಪಾಸೂ ಅಲ್ಲ, ಫೇಲೂ ಅಲ್ಲ. ಮನೆಯೊಳಗೆ ಓಡಾಡೋಕೆ ಧಾರಾಳ ಸಾಕು. ನೆಲದ ಮೇಲೆ ಕೂರೋಕೆ ಇನ್ನೂ ಬೇಕು. ಹೊಸ ಮಂಡಿಯಲ್ಲಿ ನೆಲದ ಮೇಲೆ ಕೂರಬಹುದಾ ಅನ್ನೋದನ್ನು ಮಾತ್ರ ಆಪರೇಷನ್ ಮಾಡಿದ ಡಾಕ್ಟರೇ ಹೇಳಬೇಕು. ಅದಕ್ಕೆ ಕೋನ ಒಂದೇ ಸಾಲದು.

ಒಂದೇ ಮಂಡಿ, ಎರಡು ನಂಬರ್

ಮೂರನೇ ವಾರ ಬೇರೆ ಕಡೆ ಅಳೆಸಿದೆವು. 88 ಬಂತು. ಅವ್ವ ಆ ರಾತ್ರಿ ಊಟ ಬಿಟ್ಟಳು. “ಇಷ್ಟು ನೋವು ತಿಂದು ಹಿಂದಕ್ಕೆ ಹೋದೆನಾ?” ಅಂತ ಅತ್ತಳು.

ಅವಳು ಹಿಂದಕ್ಕೆ ಹೋಗಿರಲಿಲ್ಲ. ಮೊದಲ ಸಲ ಮೇಡಂ ಕೈಕೊಟ್ಟು ಮಡಚಿಸಿ ಅಳೆದಿದ್ದರು. ಎರಡನೇ ಸಲ ಅವಳೇ ತನ್ನ ಬಲದಲ್ಲಿ ಮಡಚಿದ್ದನ್ನು ಅಳೆದಿದ್ದರು. ಇವೆರಡೂ ಬೇರೆ ಬೇರೆ ಅಳತೆ. ಮೊದಲನೆಯದು ಕೀಲು ಎಷ್ಟು ಸಡಿಲ ಅಂತ ಹೇಳುತ್ತದೆ. ಎರಡನೆಯದು ಅದರ ಜೊತೆಗೆ ಸ್ನಾಯುವಿನ ಶಕ್ತಿಯನ್ನೂ ಹೇಳುತ್ತದೆ. ಸಾಮಾನ್ಯವಾಗಿ ಮೊದಲನೆಯದೇ ಸ್ವಲ್ಪ ಜಾಸ್ತಿ ಬರುತ್ತದೆ.

ಇನ್ನೊಂದು ಕಾರಣವೂ ಇರುತ್ತದೆ. ಬಿಲ್ಲೆಯ ನಡು ಒಂದು ಬೆರಳು ಆಚೀಚೆ ಆದರೆ ನಂಬರ್ ಬದಲಾಗುತ್ತದೆ. ಅದಕ್ಕೇ ಈ ಕೆಲಸದಲ್ಲಿ ಪಳಗಿದವರು ಸುಮಾರು 5 ಡಿಗ್ರಿಯೊಳಗಿನ ಏರಿಳಿತವನ್ನು ಅಳತೆಯದೇ ವ್ಯತ್ಯಾಸ ಅಂತ ನೋಡುತ್ತಾರೆ. ಸುಧಾರಣೆ ಅಂತಲೂ ಹಿಗ್ಗೋದಿಲ್ಲ, ಹಿಂದೆ ಬಿತ್ತು ಅಂತಲೂ ಕುಗ್ಗೋದಿಲ್ಲ. ಆದಷ್ಟು ಒಬ್ಬರೇ, ಒಂದೇ ಸಾಧನದಲ್ಲಿ, ಒಂದೇ ಭಂಗಿಯಲ್ಲಿ ಅಳೆಯೋದು ಒಳ್ಳೆಯದು. ಅವ್ವನಿಗೆ ಇದನ್ನು ಮೊದಲೇ ಯಾರಾದರೂ ಹೇಳಿದ್ದರೆ ಆ ರಾತ್ರಿ ಅವಳು ಉಪವಾಸ ಮಲಗುತ್ತಿರಲಿಲ್ಲ.

ಮೊಬೈಲಿನಲ್ಲೂ ಅಳೆಯಬಹುದು. ಫೋನಿನೊಳಗೆ ಭೂಮಿಯ ಸೆಳೆತ ಯಾವ ಕಡೆಗಿದೆ ಅಂತ ಗುರುತಿಸುವ ಪುಟಾಣಿ ಸೆನ್ಸರ್ ಇರುತ್ತದೆ. ಫೋನ್ ಅಡ್ಡ ಮಾಡಿದರೆ ಪರದೆ ತಿರುಗುವುದು ಅದರಿಂದಲೇ. ಗಾರೆಯವರ ತೂಗುಗುಂಡು ಮಾಡುವ ಕೆಲಸವನ್ನೇ ಅದು ಮಾಡುತ್ತದೆ. ಆದರೆ ಒಂದು ಎಚ್ಚರ. ಫೋನ್ ಹೇಳೋದು ನೆಲಕ್ಕೆ ಹೋಲಿಸಿದರೆ ಎಷ್ಟು ವಾಲಿದೆ ಅಂತ. ಹಿಮ್ಮಡಿ ಎಳೆದುಕೊಂಡು ಮಲಗಿದಾಗ ತೊಡೆ ಒಂದು ಕಡೆ ಏರಾಗಿರುತ್ತದೆ, ಕಣಕಾಲು ಇನ್ನೊಂದು ಕಡೆ ಇಳಿಜಾರಾಗಿರುತ್ತದೆ, ಹೆಂಚಿನ ಮನೆಯ ಮಾಡಿನ ಹಾಗೆ. ಫೋನನ್ನು ತೊಡೆಯ ಮೇಲಿಟ್ಟಾಗ 45, ಕಣಕಾಲಿನ ಮೇಲಿಟ್ಟಾಗ 50 ತೋರಿಸಿದರೆ ಮಂಡಿ ಮಡಚಿದ್ದು ಎರಡೂ ಸೇರಿ 95.

ಬೆನ್ನು, ಕಣ್ಣು, ಕನ್ನಡಕ

ಕೆಲವು ಮಕ್ಕಳ ಬೆನ್ನುಮೂಳೆ ಪಕ್ಕಕ್ಕೆ ಬಾಗಿರುತ್ತದೆ. ಎಷ್ಟು ಬಾಗಿದೆ ಅಂತ ಹೇಳೋಕೆ 1948ರಲ್ಲಿ ಅಮೆರಿಕದ ಮೂಳೆ ವೈದ್ಯ ಜಾನ್ ಕಾಬ್ ಹೇಳಿಕೊಟ್ಟ ಅಳತೆಯನ್ನೇ ಇವತ್ತೂ ಬಳಸುತ್ತಾರೆ. ಎಕ್ಸ್‌ರೇಯಲ್ಲಿ ಬಾಗಿನ ಮೇಲ್ತುದಿಯ ಮೂಳೆಗೆ ಒಂದು ಗೆರೆ, ಕೆಳತುದಿಯ ಮೂಳೆಗೆ ಒಂದು ಗೆರೆ. ಎರಡರ ನಡುವಿನ ಕೋನ 10 ಡಿಗ್ರಿ ಅಥವಾ ಜಾಸ್ತಿ ಇದ್ದರೆ ಅದನ್ನು ಸ್ಕೋಲಿಯೋಸಿಸ್ ಅನ್ನುತ್ತಾರೆ. ಬೆಳೆಯುವ ಮಗುವಿನಲ್ಲಿ 25 ದಾಟಿದರೆ ಸಾಮಾನ್ಯವಾಗಿ ಬೆಲ್ಟಿನ ಯೋಚನೆ ಬರುತ್ತದೆ.

ಕಣ್ಣಿನಲ್ಲೂ ಒಂದು ಕೋನ ಇದೆ ಅಂತ ಗೊತ್ತಾದಾಗ ನನಗೆ ಅಚ್ಚರಿಯಾಯಿತು. ಕಣ್ಣಿನ ಮುಂದಿನ ಪಾರದರ್ಶಕ ಪೊರೆ ಮತ್ತು ಒಳಗಿನ ಬಣ್ಣದ ಪರದೆ ಸೇರುವ ಸಂದಿ ಅದು. ಕಣ್ಣೊಳಗಿನ ನೀರು ಹೊರಗೆ ಹರಿದುಹೋಗುವುದು ಆ ಸಂದಿಯಿಂದಲೇ. ಭದ್ರಾ ನಾಲೆಯ ತೂಬನ್ನು ನೆನೆಸಿಕೊಳ್ಳಿ. ತೂಬು ಇಕ್ಕಟ್ಟಾದರೆ ನೀರು ಹಿಂದೆ ನಿಲ್ಲುತ್ತದೆ. ಕಣ್ಣಿನಲ್ಲಿ ಹಾಗಾದರೆ ಒತ್ತಡ ಏರಿ ನೋಟದ ನರ ಹಾಳಾಗುತ್ತದೆ. ಇದು ಗ್ಲಾಕೋಮಾದ ಒಂದು ಬಗೆ. ಸಂದಿ 20 ಡಿಗ್ರಿಗಿಂತ ಕಿರಿದಾಗಿದ್ದರೆ ಡಾಕ್ಟರು ಎಚ್ಚರ ವಹಿಸುತ್ತಾರೆ. ತೊಂದರೆ ಏನೆಂದರೆ ಆ ಸಂದಿ ಹೊರಗಿನಿಂದ ಕಾಣೋದಿಲ್ಲ. ಅಲ್ಲಿಂದ ಬರುವ ಬೆಳಕು ಪೊರೆಯ ಒಳಮೈಗೆ ಬಡಿದು ಪೂರ್ತಿ ಒಳಕ್ಕೇ ತಿರುಗುತ್ತದೆ. ಅದಕ್ಕೆ ಕಣ್ಣಿಗೆ ಹನಿ ಹಾಕಿ ಮರಗಟ್ಟಿಸಿ, ಒಳಗೆ ಕನ್ನಡಿ ಇರುವ ಒಂದು ಲೆನ್ಸನ್ನು ಕಣ್ಣಿಗೇ ತಾಗಿಸಿ ನೋಡುತ್ತಾರೆ. ಪರೀಕ್ಷೆಯ ಹೆಸರು ಗೋನಿಯೋಸ್ಕೋಪಿ. ಅದೇ ಗೋನಿಯಾ.

ಕನ್ನಡಕದ ಚೀಟಿಯಲ್ಲೂ ಕೋನ ಇರುತ್ತದೆ. ‘ಸಿಲಿಂಡರ್’ ಪವರ್, ಅಂದರೆ ಒಂದೇ ದಿಕ್ಕಿನಲ್ಲಿ ಕೆಲಸ ಮಾಡುವ ಪವರ್ ಇದ್ದವರ ಚೀಟಿಯಲ್ಲಿ ‘ಆಕ್ಸಿಸ್’ ಅಂತ 1ರಿಂದ 180ರೊಳಗಿನ ಒಂದು ನಂಬರ್ ಇರುತ್ತದೆ. ಅದು ಪವರ್ ಅಲ್ಲ. ಲೆನ್ಸನ್ನು ಫ್ರೇಮಿನಲ್ಲಿ ಎಷ್ಟು ತಿರುಗಿಸಿ ಕೂರಿಸಬೇಕು ಅನ್ನೋ ಸೂಚನೆ. ಲೆನ್ಸು 10 ಡಿಗ್ರಿ ತಿರುಗಿದರೆ ಸಿಲಿಂಡರಿನ ಪ್ರಯೋಜನದಲ್ಲಿ ಮೂರರಲ್ಲಿ ಒಂದು ಪಾಲು ಹೋಗುತ್ತದೆ. 30 ತಿರುಗಿದರೆ ಪೂರ್ತಿ ಹೋದ ಹಾಗೆ. ಫ್ರೇಮು ಸೊಟ್ಟಗಾದಾಗ ಮಂಜಾಗಿ ಕಾಣೋದಕ್ಕೆ ಎಷ್ಟೋ ಸಲ ಇದೇ ಕಾರಣ.

ಹರಳಿನ ಮೂಲೆಯಿಂದ ಹರಳಿನ ಒಳಗೆ

ಗೋನಿಯೋಮೀಟರ್ ವಿಜ್ಞಾನದಲ್ಲಿ ಹೆಸರು ಮಾಡಿದ್ದು ಕಲ್ಲುಗಳಿಂದ. ನಮ್ಮ ಕಡೆ ಹೊಲದಲ್ಲಿ ಬೆಣಚುಕಲ್ಲು ಸಿಗುತ್ತದಲ್ವಾ? ಅದೇ ವಸ್ತು ಚೆನ್ನಾಗಿ ಬೆಳೆದಾಗ ಆರು ಮುಖದ ಸ್ಫಟಿಕವಾಗುತ್ತದೆ. ಒಂದರಲ್ಲಿ ಮುಖಗಳು ಅಗಲ, ಇನ್ನೊಂದರಲ್ಲಿ ಕಿರಿದು. ಒಂದು ಬೆರಳಷ್ಟು, ಇನ್ನೊಂದು ಮೊಳದಷ್ಟು. ಆದರೆ ಪಕ್ಕದ ಎರಡು ಮುಖಗಳ ನಡುವಿನ ಕೋನ ಮಾತ್ರ ಯಾವಾಗಲೂ 120. ಇದನ್ನು 1669ರಲ್ಲಿ ನಿಕೋಲಸ್ ಸ್ಟೆನೋ ಗುರುತಿಸಿದ. ಸುಮಾರು ನೂರು ವರ್ಷದ ಮೇಲೆ ಫ್ರಾನ್ಸಿನಲ್ಲಿ ರೋಮೆ ದ ಲೀಲ್ ಜೊತೆ ಕೆಲಸ ಮಾಡುತ್ತಿದ್ದ ಕಾರಾಂಜೋ ಹರಳಿಗೆ ತಾಗಿಸಿ ಅಳೆಯುವ ಎರಡು ತೋಳಿನ ಗೋನಿಯೋಮೀಟರ್ ಮಾಡಿದ. ಅದರಿಂದ ನೂರಾರು ಹರಳು ಅಳೆದು, ಈ ನಿಯಮ ಎಲ್ಲಾ ಹರಳಿಗೂ ಅನ್ವಯಿಸುತ್ತದೆ ಅಂತ ರೋಮೆ 1783ರಲ್ಲಿ ಪ್ರಕಟಿಸಿದ. ನೋಡೋಕೆ ಅವ್ವನ ಮಂಡಿ ಅಳೆದ ಸಾಧನದ ಅಜ್ಜನ ಹಾಗಿದೆ ಅದು.

ಕೋನ ಯಾಕೆ ಬದಲಾಗೋದಿಲ್ಲ? ಒಂದೇ ಅಚ್ಚಿನ ಇಟ್ಟಿಗೆಗಳನ್ನು ಒಂದೇ ಕ್ರಮದಲ್ಲಿ ಪೇರಿಸಿ. ರಾಶಿ ಚಿಕ್ಕದಿರಲಿ ದೊಡ್ಡದಿರಲಿ, ಮೂಲೆಯ ಕೋನ ಅದೇ. ಹರಳಿನೊಳಗೆ ಅಣುಗಳು ಹಾಗೇ ಪೇರಿಸಿಕೊಂಡಿರುತ್ತವೆ. ಹೊರಗಿನ ಮೂಲೆ ಅಳೆದರೆ ಒಳಗಿನ ಜೋಡಣೆಯ ಸುಳಿವು ಸಿಗುತ್ತದೆ. ಅಣುವನ್ನು ಯಾರೂ ಕಾಣದ ಕಾಲದಲ್ಲಿ ಒಂದು ಮೂಲೆಯಿಂದ ಇಷ್ಟು ತಿಳಿದುಕೊಂಡರಲ್ಲ ಅನ್ನೋದೇ ನನಗೆ ಈ ಇಡೀ ವಿಷಯದಲ್ಲಿ ಹೆಚ್ಚು ಇಷ್ಟವಾದ ಭಾಗ.

1809ರಲ್ಲಿ ಇಂಗ್ಲೆಂಡಿನ ವೊಲಾಸ್ಟನ್ ಇನ್ನೂ ಸೂಕ್ಷ್ಮವಾದ ಸಾಧನ ಮಾಡಿದ. ಹರಳಿನ ಮುಖವನ್ನೇ ಕನ್ನಡಿಯ ಹಾಗೆ ಬಳಸಿಕೊಂಡು, ಒಂದು ಮುಖದಲ್ಲಿ ಕಂಡ ಪ್ರತಿಬಿಂಬ ಪಕ್ಕದ ಮುಖದಲ್ಲಿ ಅದೇ ಜಾಗದಲ್ಲಿ ಕಾಣುವವರೆಗೆ ಹರಳನ್ನು ತಿರುಗಿಸುವುದು. ತಿರುಗಿಸಿದ್ದು ಎಷ್ಟು ಅಂತ ಓದಿದರೆ ಕೋನ ಸಿಗುತ್ತದೆ. ಕಣ್ಣಿಗೆ ಒಂದೇ ಥರ ಕಾಣುವ ಕ್ಯಾಲ್ಸೈಟ್ ಮತ್ತು ಡಾಲಮೈಟ್ ಹರಳುಗಳ ಕೋನ ಸುಮಾರು 105 ಮತ್ತು 106 ಡಿಗ್ರಿ. ಆ ಒಂದು ಡಿಗ್ರಿಯಿಂದ ಎರಡನ್ನೂ ಬೇರೆ ಮಾಡಬಹುದಾಯಿತು. 1913ರಲ್ಲಿ ಬ್ರಾಗ್ ತಂದೆ-ಮಗ ಬೆಳಕಿನ ಬದಲು ಎಕ್ಸ್‌ರೇ ಹಾಯಿಸಿ, ಅದು ಯಾವ ಕೋನದಲ್ಲಿ ಜೋರಾಗಿ ಚಿಮ್ಮುತ್ತದೆ ಅಂತ ಅಳೆದು ಉಪ್ಪಿನ ಹರಳಿನ ಒಳಜೋಡಣೆಯನ್ನೇ ಹೇಳಿದರು. ಇವತ್ತು ಸಿಮೆಂಟು, ಔಷಧದ ಪುಡಿ, ಅದಿರು ಪರೀಕ್ಷಿಸುವ ಲ್ಯಾಬುಗಳ ಎಕ್ಸ್‌ರೇ ಯಂತ್ರದ ನಡುವೆ ತಿರುಗುವ ಭಾಗಕ್ಕೂ ಗೋನಿಯೋಮೀಟರ್ ಅಂತಲೇ ಹೆಸರು.

ಹನಿಯ ಕೋನ ಅಳೆಯುವ ಗೋನಿಯೋಮೀಟರೂ ಇದೆ. ಕೆಸುವಿನ ಎಲೆಯ ಮೇಲೆ ನೀರು ಮುತ್ತಿನ ಹಾಗೆ ಉರುಳುತ್ತದೆ. ಸಿಮೆಂಟಿನ ನೆಲದ ಮೇಲೆ ಹರಡಿಕೊಳ್ಳುತ್ತದೆ. ಸೂಜಿಯಿಂದ ಒಂದು ಹನಿ ಬಿಟ್ಟು, ಪಕ್ಕದಿಂದ ಫೋಟೋ ತೆಗೆದು, ಹನಿಯ ಅಂಚು ಮೇಲ್ಮೈಯನ್ನು ಮುಟ್ಟುವ ಕೋನ ನೋಡುತ್ತಾರೆ. 90ಕ್ಕಿಂತ ಕಡಿಮೆ ಇದ್ದರೆ ಮೇಲ್ಮೈ ಒದ್ದೆಯಾಗುತ್ತದೆ, ಜಾಸ್ತಿ ಇದ್ದರೆ ನೀರನ್ನು ದೂರ ಇಡುತ್ತದೆ. ಒಂದು ಕಾಲಕ್ಕೆ ಹತ್ತಿ ಗಿರಣಿಗಳ ಊರಾಗಿದ್ದ ನಮ್ಮ ದಾವಣಗೆರೆಯವರಿಗೆ ಇದು ಬೇಗ ಅರ್ಥವಾಗುತ್ತದೆ. ಗಿಡದಿಂದ ಬಿಡಿಸಿದ ಹತ್ತಿಯ ಎಳೆಗೆ ತೆಳುವಾದ ಮೇಣದ ಲೇಪ ಇರುತ್ತದೆ. ನೀರಿಗೆ ಹಾಕಿದರೆ ತೇಲುತ್ತದೆ. ಕಾಸ್ಟಿಕ್ ಸೋಡಾದಲ್ಲಿ ಕುದಿಸಿ ಮೇಣ ತೆಗೆದ ಮೇಲೆ ಅದೇ ಹತ್ತಿ ನೀರನ್ನು ಹೀರುತ್ತದೆ. ಗಾಯಕ್ಕೆ ಇಡುವ ಹತ್ತಿ ಅದು.

ಅರ್ಧ ಟನ್ ತೂಕದ ಕೋನಮಾಪಕ

ಹೆದ್ದಾರಿ ಪಕ್ಕ ಮೂರು ಕಾಲಿನ ಸ್ಟ್ಯಾಂಡಿನ ಮೇಲೆ ದುರ್ಬೀನು ಇಟ್ಟು ನೋಡುವವರನ್ನು ಕಂಡಿರುತ್ತೀರಿ. ಅದರ ಹಿಂದಿನ ತಲೆಮಾರು ಥಿಯೋಡೊಲೈಟ್, ದೂರದ ಜಾಗಗಳ ನಡುವಿನ ಕೋನ ಅಳೆಯುವ ದುರ್ಬೀನು. 1802ರಲ್ಲಿ ಮದ್ರಾಸಿನಲ್ಲಿ ಬ್ರಿಟಿಷ್ ಸೇನಾಧಿಕಾರಿ ವಿಲಿಯಂ ಲ್ಯಾಂಬ್ಟನ್ ಶುರು ಮಾಡಿದ ದೊಡ್ಡ ಸರ್ವೆಗೆ ತಂದ ಥಿಯೋಡೊಲೈಟ್ ಸುಮಾರು ಅರ್ಧ ಟನ್ ತೂಗುತ್ತಿತ್ತು. ಅದರ ಬಿಲ್ಲೆಯ ಅಡ್ಡಳತೆ 36 ಇಂಚು. ಅಷ್ಟು ದೊಡ್ಡದು ಯಾಕೆ? ಮಕ್ಕಳ ಕೋನಮಾಪಕದ ಅಂಚಿನಲ್ಲಿ ಒಂದು ಡಿಗ್ರಿಗೆ ಸಿಗುವ ಜಾಗ ಒಂದು ಮಿಲಿಮೀಟರಿಗಿಂತ ಕಡಿಮೆ. 36 ಇಂಚಿನ ಬಿಲ್ಲೆಯಲ್ಲಿ ಸುಮಾರು 8 ಮಿಲಿಮೀಟರ್. ಜಾಗ ಜಾಸ್ತಿ ಇದ್ದರೆ ಡಿಗ್ರಿಯನ್ನು ಸೆಕೆಂಡುಗಳವರೆಗೆ ಸೀಳಿ ಓದಬಹುದು.

1808ರಲ್ಲಿ ತಂಜಾವೂರಿನ ದೇವಸ್ಥಾನದ ಗೋಪುರಕ್ಕೆ ಏರಿಸುವಾಗ ಆ ಯಂತ್ರ ಗೋಡೆಗೆ ಬಡಿದು ಬಿಲ್ಲೆ ಸೊಟ್ಟಗಾಯಿತು. ಲ್ಯಾಂಬ್ಟನ್ ವಾರಗಟ್ಟಲೆ ಕೂತು ಅದನ್ನು ಮತ್ತೆ ದುಂಡಗೆ ಮಾಡಿದ. ಇಂಥ ಕೋನಗಳ ಲೆಕ್ಕದಿಂದಲೇ 1852ರಲ್ಲಿ ಅದೇ ಸರ್ವೆಯ ಗಣಿತಜ್ಞ ರಾಧಾನಾಥ ಸಿಕ್ದಾರ್, ಆಗ 15ನೇ ನಂಬರಿನ ಶಿಖರ ಅಂತಿದ್ದ ಎವರೆಸ್ಟ್ ಜಗತ್ತಿನಲ್ಲೇ ಎತ್ತರದ್ದು ಅಂತ ಕಂಡುಕೊಂಡರು. ಬೆಟ್ಟ ಹತ್ತದೆ, ನೂರಕ್ಕೂ ಹೆಚ್ಚು ಕಿಲೋಮೀಟರ್ ದೂರದಿಂದ. ಪ್ರಕಟವಾದ ಎತ್ತರ 29,002 ಅಡಿ. ಈಗಿನ ಲೆಕ್ಕಕ್ಕಿಂತ ಸುಮಾರು 30 ಅಡಿ ಕಡಿಮೆ ಅಷ್ಟೇ.

ತಾರಸಿ ಮೇಲೆ 14 ಡಿಗ್ರಿ

ಇದನ್ನು ಮನೆಯಲ್ಲೇ ಮಾಡಿ ನೋಡಬಹುದು. ಧ್ರುವ ನಕ್ಷತ್ರ ನಿಮ್ಮೂರಿನ ಉತ್ತರ ದಿಕ್ಕಿನಲ್ಲಿ ಎಷ್ಟು ಡಿಗ್ರಿ ಮೇಲೆ ಕಾಣುತ್ತದೋ ಹೆಚ್ಚುಕಮ್ಮಿ ಅದೇ ನಿಮ್ಮೂರಿನ ಅಕ್ಷಾಂಶ. ದಾವಣಗೆರೆ, ಚಿತ್ರದುರ್ಗ, ಜಗಳೂರು ಎಲ್ಲವೂ 14 ಡಿಗ್ರಿ ಚಿಲ್ಲರೆ. ಕೈ ಚಾಚಿ ಮುಷ್ಟಿ ಹಿಡಿದರೆ ಅದರ ಅಗಲ ಸುಮಾರು 10 ಡಿಗ್ರಿ. ಅಂದರೆ ನೆಲದಂಚಿನಿಂದ ಒಂದೂವರೆ ಮುಷ್ಟಿಯಷ್ಟು ಮೇಲೆ.

ಕಂಪಾಸ್ ಬಾಕ್ಸಿನ ಕೋನಮಾಪಕದ ನೇರ ಅಂಚಿಗೆ ಒಂದು ಸ್ಟ್ರಾ ಅಂಟಿಸಿ. ನಡುವಿನ ತೂತಿನಿಂದ ದಾರ ಇಳಿಬಿಟ್ಟು ತುದಿಗೆ ಒಂದು ನಟ್ಟು ಕಟ್ಟಿ. ನೇರ ಅಂಚು ಮೇಲೆ, ದುಂಡು ಕೆಳಗೆ. ಸ್ಟ್ರಾ ನೆಲಕ್ಕೆ ಸಮವಾಗಿದ್ದರೆ ದಾರ 90ರ ಮೇಲೆ ನಿಲ್ಲುತ್ತದೆ. ಸ್ಟ್ರಾದೊಳಗಿಂದ ನಕ್ಷತ್ರ ಹಿಡಿದಾಗ ದಾರ 90ಕ್ಕಿಂತ ಕೆಳಗಿನ ಯಾವ ನಂಬರಿನ ಮೇಲೆ ನಿಂತಿದೆ ಅಂತ ಇನ್ನೊಬ್ಬರು ಓದಬೇಕು. 90ರಿಂದ ಅದನ್ನು ಕಳೆಯಿರಿ.

ಜಗಳೂರಿನ ಹತ್ತಿರ ಸೋದರಮಾವನ ಮನೆಗೆ ಹೋದಾಗ ನನ್ನ ಮಗಳು ಇದನ್ನು ಮಾಡಿದಳು. ಪೇಟೆಯ ದೀಪ ಇಲ್ಲದ ಕಡೆ ಧ್ರುವ ಸುಲಭವಾಗಿ ಸಿಗುತ್ತದೆ. ಐದು ಸಲ ಅಳೆದಳು: 72, 78, 74, 77, 75. ಒಂದೊಂದೂ ಬೇರೆ ಬಂತು ಅಂತ ಮುಖ ಸಣ್ಣ ಮಾಡಿಕೊಂಡಳು. ಐದನ್ನೂ ಕೂಡಿಸಿ ಭಾಗಿಸಿದಾಗ 75ಕ್ಕೆ ಸ್ವಲ್ಪ ಮೇಲೆ ಬಂತು. ಅಂದರೆ ನಕ್ಷತ್ರದ ಎತ್ತರ 15ಕ್ಕೆ ಸ್ವಲ್ಪ ಕಮ್ಮಿ.

ದಾರದ ನಂಬರನ್ನು ಟಾರ್ಚ್ ಹಿಡಿದು ಓದಿದ್ದು ಅವ್ವ. ತಾರಸಿಗೆ ಹದಿನೆಂಟು ಮೆಟ್ಟಿಲು, ಅವಳೇ ಹತ್ತಿ ಬಂದಿದ್ದಳು. ಆ ವಾರ ಅವಳ ಫೈಲಿನಲ್ಲಿ ಬರೆದದ್ದು ‘0–112’.